ಎರಡು ಬೆರಳಿನ ಸಡಿಲು

ಎಣ್ಣೆ ಕಾರ್ಖಾನೆಯಲ್ಲಿ ಕೆಲಸಗಾರರಿಗೆ ಕಸರತ್ತು ಕಲಿಸುತ್ತಾರಂತೆ ಎಂಬ ಸುದ್ದಿ ನಮ್ಮ ಓಣಿಗೆ ಬಂದಾಗ ಮೊದಲು ನಕ್ಕವರು ನಮ್ಮ ಅತ್ತೆ. ದಿನವಿಡೀ ಕುಸುಬಿ ಚೀಲ ಹೊತ್ತು ಹತ್ತಿ ಇಳಿಯುವ ಗಂಡಸರಿಗೆ ಮತ್ತೆ ಕಸರತ್ತು ಯಾಕೆ ಎಂಬುದು ಅವರ ಪ್ರಶ್ನೆ.

"ಹೊಟ್ಟಿ ತುಂಬಿದವರ ಆಟ ಇದು. ಇವತ್ತ ಮಂದೀನ ಕುಣಸ್ತಾರ, ನಾಳಿಗಿ ಹೊಲದಾಗ ದುಡಿದು ಬಂದ ಎತ್ತಿಗೂ ಕುಣೀ ಅಂತಾರ ನೋಡು" ಎಂದು ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕರು.

ಇದು ಎಂಬತ್ತರ ದಶಕದ ನಡುವಿನ ಮಾತು. ನನ್ನ ತವರು ಜೇವರ್ಗಿ ಕಡೆಯ ನೆಲೋಗಿ. ಮದುವೆಯಾಗಿ ಬಂದದ್ದು ಆಳಂದಕ್ಕೆ. ಊರ ಹೊರಗೆ ಕುಸುಬಿ, ಶೇಂಗಾ ಎಣ್ಣೆ ತೆಗೆಯುವ ಒಂದು ಕಾರ್ಖಾನೆ ಇತ್ತು; ನಮ್ಮ ಯಜಮಾನರು ಅಲ್ಲಿ ಬಾಯ್ಲರ್ ನೋಡಿಕೊಳ್ಳುತ್ತಿದ್ದರು. ಆ ವರ್ಷ ಮಾಲಕರ ಮಗ ಪುಣೆಯಲ್ಲಿ ಓದು ಮುಗಿಸಿ ಬಂದು ಕಾರ್ಖಾನೆ ನೋಡಿಕೊಳ್ಳಲು ಸುರು ಮಾಡಿದ್ದ. ಅಲ್ಲಿಯ ದೊಡ್ಡ ಕಾರ್ಖಾನೆಗಳಲ್ಲಿ ಕೆಲಸಕ್ಕೆ ಮುಂಚೆ ಎಲ್ಲರೂ ಅರ್ಧ ತಾಸು ಕಸರತ್ತು ಮಾಡುತ್ತಾರೆ, ಇದರಿಂದ ಬೆನ್ನು ನೋವು, ಮಂಡಿ ನೋವು ಕಡಿಮೆಯಾಗುತ್ತದೆ, ರಜೆ ಹಾಕುವವರೂ ಕಡಿಮೆಯಾಗುತ್ತಾರೆ ಎಂದು ಅವನು ಎಲ್ಲರನ್ನೂ ಕೂಡಿಸಿಕೊಂಡು ಹೇಳಿದನಂತೆ. ಕಸರತ್ತು ಕಲಿಸಲು ಅಫಜಲಪುರದ ಕಡೆಯ ಒಬ್ಬ ಮಾಸ್ತರರನ್ನು ಕರೆಸಿದ. ಮಿಲಿಟರಿಯಲ್ಲಿದ್ದು ಬಂದವರು. ಮೀಸೆ ದಪ್ಪ, ದನಿ ಅದಕ್ಕಿಂತ ದಪ್ಪ.

ಬಂದವರಿಗೆಲ್ಲ ಖಾಕಿ ಚಡ್ಡಿ ಕೊಟ್ಟರು. ಕಸರತ್ತು ಮುಗಿದ ಮೇಲೆ ನೆನೆಸಿದ ಕಡಲೆ, ಒಂದು ಲೋಟ ಬಿಸಿ ಹಾಲು. ಮೊದಲ ವಾರ ಮಂದಿ ಹೋದದ್ದು ಹಾಲಿಗೆ ಎಂದು ನಾನು ಈಗಲೂ ಹೇಳುತ್ತೇನೆ.

ನಮ್ಮ ಮಾಳಿಗೆಯ ಮೇಲೆ ನಿಂತರೆ ಕಾರ್ಖಾನೆಯ ಅಂಗಳ ಕಾಣುತ್ತಿತ್ತು. ಮೊದಲ ದಿನ ಓಣಿಯ ಹೆಂಗಸರೆಲ್ಲ ಅಂಗಳ ಗುಡಿಸುವುದು ಬಿಟ್ಟು ನಮ್ಮ ಮಾಳಿಗೆ ಹತ್ತಿದರು. ಪಕ್ಕದ ಮನೆಯ ಚಾಚಿ ಕೂಡ ಬಂದಳು. ಅವಳು ಊರಿಗೆಲ್ಲ ಕುಪ್ಪಸ, ಅಂಗಿ ಹೊಲಿದು ಕೊಡುವವಳು. ಟೇಪು ಯಾವಾಗಲೂ ಕೊರಳಲ್ಲೇ. ಕೆಳಗೆ ಮಾಸ್ತರರು "ಸಾವಧಾನ್!" ಎಂದು ಕೂಗಿದರೆ ಅರ್ಧ ಮಂದಿ ನೆಟ್ಟಗೆ ನಿಂತರು, ಅರ್ಧ ಮಂದಿ ಹಿಂದೆ ಯಾರು ಬಂದರೆಂದು ತಿರುಗಿ ನೋಡಿದರು. ಆಮೇಲೆ ಕೈ ಮೇಲೆತ್ತಿ ಜಿಗಿಯುವ ಆಟ.

"ಅರೇ ಅಲ್ಲಾ, ಮಳಿಗಾಲ ಇನ್ನಾ ಬಂದಿಲ್ಲ, ಕಪ್ಪಿ ಎಲ್ಲಾ ಹೊರಗ ಬಂದಾವಲ್ಲ ಬೇಟಿ!" ಎಂದಳು ಚಾಚಿ.

"ಆ ದಪ್ಪನ ಕಪ್ಪಿ ನಮ್ಮನ್ಯಾಂದು ಚಾಚಿ" ಎಂದೆ ನಾನು. ಹೆಂಗಸರೆಲ್ಲ ಗೋಡೆ ಹಿಡಿದುಕೊಂಡು ನಕ್ಕರು.

ನಕ್ಕೆ ಖರೆ, ಆದರೆ ನನ್ನ ಕಣ್ಣು ಅವರ ಮೇಲೇ ಇತ್ತು. ನಮ್ಮ ಯಜಮಾನರಿಗೆ ಆಗ ನಲವತ್ತೊಂದು. ಹೊಟ್ಟೆ ಬಂದಿತ್ತು. ಅವರ ಅಪ್ಪ, ಅಂದರೆ ನಮ್ಮ ಮಾವ, ನಲವತ್ತೆರಡಕ್ಕೆ ಎದೆ ಹಿಡಿದುಕೊಂಡು ಕೂತವರು ಮತ್ತೆ ಏಳಲಿಲ್ಲ. ನಾನು ಮಾವನವರನ್ನು ನೋಡಿದವಳಲ್ಲ. ಆದರೆ ಆ ನಲವತ್ತೆರಡು ಎಂಬ ಮಾತು ನಾನು ಬಂದ ದಿನದಿಂದ ಆ ಮನೆಯಲ್ಲಿ ಒಬ್ಬ ಮನುಷ್ಯನಂತೆ ನಮ್ಮ ಜೊತೆಗೇ ಬಾಳುತ್ತಿತ್ತು. ಯಾರೂ ಅದನ್ನು ಬಾಯಿ ಬಿಟ್ಟು ಆಡುತ್ತಿರಲಿಲ್ಲ. ಮಗ ಊಟದ ನಡುವೆ ಒಂದು ಸಲ ಎದೆ ತಿಕ್ಕಿಕೊಂಡರೆ ಸಾಕು, ಅತ್ತೆ ರೊಟ್ಟಿ ಬಡಿಯುವ ಕೈ ನಿಲ್ಲಿಸಿ ಅವರನ್ನೇ ನೋಡುತ್ತಿದ್ದರು.

ಮೂರನೆಯ ದಿನ ಆಗಬಾರದ್ದು ಆಯಿತು.

ನಮ್ಮದು ಲಿಂಗ ಕಟ್ಟಿಕೊಳ್ಳುವ ಮನೆತನ. ಹುಟ್ಟಿದಾಗಿನಿಂದ ಮೈಮೇಲೆ ಇಷ್ಟಲಿಂಗ ಇರಬೇಕು, ಒಂದು ಗಳಿಗೆ ಕೂಡ ಅಗಲಬಾರದು. ನಮ್ಮ ಯಜಮಾನರು ಬೆಳ್ಳಿಯ ಕರಡಿಗೆಯಲ್ಲಿ ಲಿಂಗವಿಟ್ಟು ಶಿವದಾರದಿಂದ ಕೊರಳಿಗೆ ಹಾಕಿಕೊಳ್ಳುತ್ತಿದ್ದರು. ಕಾರ್ಖಾನೆಯಲ್ಲಿ ನಮ್ಮವರು ಇನ್ನೂ ಅನೇಕರಿದ್ದರು. ಕೆಲವರು ಅಂಗಿಯ ಜೇಬಿನಲ್ಲಿ ಇಟ್ಟುಕೊಳ್ಳುತ್ತಿದ್ದರು, ಕೆಲವರದು ಮನೆಯಲ್ಲಿ ದೇವರ ಗೂಡಿನ ಮೊಳೆಗೆ ತೂಗುತ್ತಿತ್ತು. ನಮ್ಮವರಿಗೆ ಅದು ಸೇರುತ್ತಿರಲಿಲ್ಲ. ಮೊದಲ ದಿನ ಬಗ್ಗಿ ಕಾಲ್ಬೆರಳು ಮುಟ್ಟುವಾಗ ಕರಡಿಗೆ ಜೋಲಿ ಹೊಡೆದು ಬಂದು ಹಲ್ಲಿಗೆ ಬಡಿಯಿತು. ಎರಡನೆಯ ದಿನ ತುಟಿ ಊದಿತು. ಮೂರನೆಯ ದಿನ ಜಿಗಿಯುವಾಗ ಶಿವದಾರವೇ ಹರಿದು ಕರಡಿಗೆ ಮಣ್ಣಿನಲ್ಲಿ ಬಿತ್ತು.

ಮನೆಗೆ ಬಂದಾಗ ಅವರು ಕರಡಿಗೆಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡಿದ್ದರು. ಹಾಲು ಕುಡಿದಿರಲಿಲ್ಲ. ಕಡಲೆ ತಿಂದಿರಲಿಲ್ಲ.

"ಯವ್ವಾ, ಬಿತ್ತು" ಎಂದರು ಅಷ್ಟೆ.

ಅತ್ತೆ ಒಲೆ ಮುಂದಿನಿಂದ ಎದ್ದೇ ಬಿಟ್ಟರು. ಆ ದಿನ ಒಲೆ ಮತ್ತೆ ಹೊತ್ತಲಿಲ್ಲ. ನಮ್ಮ ಮನೆಯ ಪೂಜೆ ನಡೆಸುವ ಅಯ್ಯನವರನ್ನು ಕರೆಸಿದೆವು. ಅವರು ತುಂಬ ಶಾಂತ ಮನುಷ್ಯರು. ನೀರು ಹಾಕಿಸಿ, ಪೂಜೆ ಮಾಡಿಸಿ, ಹೊಸ ಶಿವದಾರ ಕಟ್ಟಿಸಿ, "ಅಂಜಬ್ಯಾಡ್ರಿ. ಮಣ್ಣೂ ಶಿವನದೇ. ಅವನು ಅವನ ಮ್ಯಾಲೇ ಬಿದ್ದಾನ" ಎಂದು ಹೇಳಿ ಹೋದರು.

ನನಗೆ ಆ ಮಾತು ಸಾಕಿತ್ತು. ಆದರೆ ಅಯ್ಯನವರು ಹೋದ ಮೇಲೆ ಅತ್ತೆ ನನ್ನನ್ನು ಹಿತ್ತಲಿಗೆ ಕರೆದು, ಬಾವಿಯ ಕಟ್ಟೆಯ ಮೇಲೆ ಕೂತು, ನಾನು ಸೊಸೆಯಾಗಿ ಬಂದ ಹದಿನಾರು ವರ್ಷದಲ್ಲಿ ಒಮ್ಮೆಯೂ ಹೇಳದ ಒಂದು ಮಾತು ಹೇಳಿದರು.

"ನಿಮ್ಮ ಮಾವಂದೂ ಹಿಂಗೇ ಆಗಿತ್ತ. ನೀರು ಸೇದೋ ಮುಂದ ಶಿವದಾರ ಹರೀತು. ಈ ಕಟ್ಟೀ ಮ್ಯಾಲೇ ಬಿತ್ತು. ಎಂಟ ದಿನಕ್ಕ ಹೋದ್ರು."

ಆ ಕಲ್ಲಿನ ಮೇಲೆ ನಾನು ದಿನಾ ಕೊಡ ಇಡುತ್ತಿದ್ದೆ.

ಮಾಸ್ತರರು ಕೊರಳಲ್ಲಿರುವುದನ್ನೆಲ್ಲ ತೆಗೆದಿಟ್ಟು ಬನ್ನಿ ಎಂದು ಹೇಳಿದ್ದರು. ತಪ್ಪು ಅವರದಲ್ಲ, ಯಾರ ಕಣ್ಣಿಗಾದರೂ ಬಡಿದರೆ ಎಂಬ ಅಂಜಿಕೆ ಅವರಿಗೆ. ಕಸರತ್ತು ಬಿಡುವಂತೆಯೂ ಇರಲಿಲ್ಲ; ಬಾಯ್ಲರ್ ಮೇಲೆ ಕೆಲಸ ಮಾಡುವವರು ಗಟ್ಟಿಯಾಗಿರಬೇಕು, ಅವರು ತಪ್ಪಿಸಬಾರದು ಎಂದು ಸಣ್ಣ ಮಾಲಕ ಮೊದಲೇ ಹೇಳಿದ್ದ. ಹಾಗಾಗಿ ನಾನೇ ಒಂದು ಉಪಾಯ ಮಾಡಿದೆ. ಅಗಲವಾದ ಒಂದು ಎದೆಪಟ್ಟಿ ಹೊಲಿಯುವುದು, ಎಡಗಡೆ ಕರಡಿಗೆ ಕೂಡುವಷ್ಟು ಒಂದು ಚೀಲ, ಬೆನ್ನ ಹಿಂದೆ ಗಂಟು ಹಾಕಲು ಮೂರು ಜೋಡಿ ಕಸಿ, ಅಂದರೆ ಬಟ್ಟೆಯ ದಾರ. ಬನಿಯನ್ನಿನ ಒಳಗೆ ಕಟ್ಟಿದರೆ ಲಿಂಗ ಎದೆಗೆ ಅಂಟಿಕೊಂಡೇ ಇರುತ್ತದೆ. ಬಗ್ಗಲಿ, ಜಿಗಿಯಲಿ, ಯಾರ ಕಣ್ಣಿಗೂ ಕಾಣುವುದಿಲ್ಲ.

ಅಳತೆ ತೆಗೆದದ್ದು ಅವರು ಪೂಜೆಗೆ ಕೂತಾಗ. ಎಡ ಅಂಗೈಯಲ್ಲಿ ಲಿಂಗವಿಟ್ಟುಕೊಂಡು ಕಣ್ಣು ಅರ್ಧ ಮುಚ್ಚಿ ಕೂತರೆ ಅವರ ಉಸಿರಾಟ ಕೂಡ ಕಾಣುವುದಿಲ್ಲ. ಆಗ ನೂಲಿನಿಂದ ಎದೆಯ ಸುತ್ತಳತೆ ತೆಗೆದುಕೊಂಡು ಚಾಚಿಯ ಮನೆಗೆ ಹೋದೆ. ನನ್ನ ಹತ್ತಿರ ದಪ್ಪ ಮಂಜರಪಾಟದ ಬಟ್ಟೆ ಇತ್ತು. ಚಾಚಿ ಮಷೀನು ಬಿಟ್ಟುಕೊಟ್ಟು ಪಕ್ಕದಲ್ಲಿ ಕೂತು ನೋಡುತ್ತಿದ್ದಳು.

"ಎರಡು ಬೆರಳು ಸಡಿಲು ಬಿಡು ಬೇಟಿ. ಅಳತಿ ತಗೊಳ್ಳೋ ಮುಂದ ಟೇಪಿನ ಒಳಗ ಎರಡು ಬೆರಳು ಇಟ್ಟು ತಗೋಬೇಕು. ಕಟಗೀಗಿ ಹೊಲ್ಯಾಕತ್ತಿಲ್ಲ ನೀ, ಮನಷ್ಯಾಗ ಹೊಲ್ಯಾಕತ್ತಿ."

"ಸಡಿಲ ಆದ್ರ ಮತ್ತ ಜಾರ್ತದ ಚಾಚಿ."

"ಜಾರೂದಿಲ್ಲವಾ. ಬಟ್ಟೀನೂ ತೋಯ್ಸಿಲ್ಲ ನೀನು."

ನಾನು ಕೇಳಲಿಲ್ಲ. ಎರಡು ಬೆರಳು ಬಿಡುವುದಿರಲಿ, ನೂಲಿನ ಅಳತೆಗಿಂತ ಅರ್ಧ ಬೆರಳು ಒಳಗೇ ಹೊಲಿದೆ. ಮತ್ತೊಮ್ಮೆ ಬೀಳಬಾರದು. ನನ್ನ ತಲೆಯಲ್ಲಿದ್ದದ್ದು ಅದೊಂದೇ. ಮತ್ತೊಮ್ಮೆ ಬಿದ್ದರೆ ಎಂಟು ದಿನ.

ಮರುದಿನದಿಂದ ಅದು ನಮ್ಮ ಮನೆಯ ಬೆಳಗಿನ ಕೆಲಸವಾಯಿತು. ಕೋಳಿ ಕೂಗುವ ಹೊತ್ತಿಗೆ ನೀರು ಕಾಯಿಸಿ ಕೊಡುತ್ತಿದ್ದೆ. ಅವರು ಸ್ನಾನ, ಪೂಜೆ ಮುಗಿಸಿ ಬಂದು ಬೆನ್ನು ಕೊಟ್ಟು ನಿಲ್ಲುತ್ತಿದ್ದರು. ನಾನು "ಶಿವಾ" ಎಂದು ಮೊದಲ ಕಸಿ, "ಶಿವಾ" ಎಂದು ಎರಡನೆಯದು, "ಶಿವಾ" ಎಂದು ಮೂರನೆಯದು ಎಳೆದು ಕಟ್ಟುತ್ತಿದ್ದೆ. ಪಟ್ಟಿಯ ಅಂಚಿಗೆ ಅಂಚು ಕೂಡಿದರೆ ನನಗೆ ಸಮಾಧಾನ. ವಾರಕ್ಕೊಮ್ಮೆ ಒಗೆಯುತ್ತಿದ್ದೆ. ತೋಯಿಸದೆ ಹೊಲಿದ ಹೊಸ ಮಂಜರಪಾಟ, ಒಗೆದಷ್ಟೂ ಕುಗ್ಗಿತು. ಅಂಚು ಕೂಡದಾಯಿತು. ನಾನು ಇನ್ನಷ್ಟು ಎಳೆದು ಕೂಡಿಸಿದೆ.

"ಸ್ವಲ್ಪ ಹಗರಕ ಎಳೀಬೇ" ಎಂದರು ಒಂದು ದಿನ.

"ಹೊಟ್ಟಿ ಕರಗಿಸ್ರಿ, ತಾನೇ ಹಗರ ಆಗ್ತದ" ಎಂದೆ.

ಅವರು ನಕ್ಕು ಸುಮ್ಮನಾದರು. ಅವರದು ಅಂಥ ಸ್ವಭಾವ. ನಾನು ಕಟ್ಟಿದ್ದನ್ನು ಬಿಚ್ಚಲು ಅವರಿಗೆ ಕೈ ಎಟುಕುತ್ತಿರಲಿಲ್ಲ, ಎಟುಕಿದ್ದರೂ ಬಿಚ್ಚುತ್ತಿರಲಿಲ್ಲ.

ಒಂದೂವರೆ ತಿಂಗಳಿಗೆ ಉಳಿದವರ ಹೊಟ್ಟೆ ಇಳಿಯಿತು. ಬೆನ್ನು ನೋವೆಂದು ನರಳುತ್ತಿದ್ದ ಹಮಾಲರು ನೆಟ್ಟಗಾದರು. ನಮ್ಮವರ ಹೊಟ್ಟೆಯೂ ಇಳಿಯಿತು. ಆದರೆ ಅಂಗಳದಲ್ಲಿ ಎರಡು ಸುತ್ತು ಓಡುವಷ್ಟರಲ್ಲಿ ಅವರು ನಿಂತುಬಿಡುತ್ತಿದ್ದರು. ಬಾಯ್ಲರಿನ ಕಬ್ಬಿಣದ ಏಣಿ ಹತ್ತುವಾಗ ನಡುವೆ ಒಮ್ಮೆ ನಿಂತು ಉಸಿರು ತೆಗೆದುಕೊಳ್ಳುತ್ತಿದ್ದರು. ಮನೆಗೆ ಬಂದು ನನ್ನಿಂದ ಪಟ್ಟಿ ಬಿಚ್ಚಿಸಿಕೊಂಡು, ಕೈಕಾಲು ತೊಳೆದು, ದೇವರ ಮುಂದೆ ಕೂತರೆ ಸರಿಯಾಗುತ್ತಿತ್ತು. ಅದನ್ನು ನಾನು ಪೂಜೆಯ ಮಹಿಮೆ ಎಂದು ತಿಳಿದೆ. ಎದೆಗೆ ಒಳ್ಳೆಯದಲ್ಲವೆಂದು ತಾಟಿನಿಂದ ಶೇಂಗಾ ಚಟ್ನಿಪುಡಿ ತೆಗೆದೆ, ಎಣ್ಣೆ ತೆಗೆದೆ. ಎಣ್ಣೆ ಕಾರ್ಖಾನೆಯವನ ಮನೆಯಲ್ಲಿ ಎಣ್ಣೆ ಇಲ್ಲದ ಬದನೆಕಾಯಿ ಪಲ್ಯ! ಅವರು ಅದನ್ನೂ ಉಂಡರು.

ಮೂರನೆಯ ತಿಂಗಳು ಅವರು ಓಡುತ್ತ ಓಡುತ್ತ ಕುಸಿದು ಕೂತರು. ನಾನು ಮಾಳಿಗೆಯ ಮೇಲೆ ಮೆಣಸಿನಕಾಯಿ ಒಣಹಾಕುತ್ತಿದ್ದೆ. ಕಂಡದ್ದು ಇಷ್ಟೆ: ಸಾಲಿನಲ್ಲಿ ಒಂದು ಕಡೆ ತೂತು ಬಿದ್ದಂತಾಯಿತು, ಸುತ್ತ ಮಂದಿ ಕೂಡಿದರು. ಯಾರು ಬಿದ್ದರೆಂದು ಅಲ್ಲಿಂದ ತಿಳಿಯುವಂತಿರಲಿಲ್ಲ. ಆದರೂ ನಾನು ಇಳಿಯುವ ಮೊದಲೇ ಅತ್ತೆ ಚಪ್ಪಲಿ ಇಲ್ಲದೆ ಬಾಗಿಲು ದಾಟಿದ್ದರು.

ಅವರಿಗೆ ಎಚ್ಚರವಿತ್ತು. ಮುಖ ಮಾತ್ರ ಬೆಳ್ಳಗಾಗಿತ್ತು. ಮಾಸ್ತರರೇ ತೋಳು ಹಿಡಿದುಕೊಂಡು ಮನೆಗೆ ಕರೆತಂದರು. ಅಷ್ಟು ದೊಡ್ಡ ದನಿಯ ಮನುಷ್ಯ, "ತಂಗೀ, ಇವರ ಎದಿ ಒಮ್ಮಿ ತೋರಸ್ರಿ" ಎಂದು ಪಿಸುಮಾತಿನಲ್ಲಿ ಹೇಳಿದರು. ವಾರಕ್ಕೊಮ್ಮೆ ಕಾರ್ಖಾನೆಗೆ ಬರುವ ಡಾಕ್ಟರರು ಮರುದಿನ ಬನಿಯನ್ನಿನ ಮೇಲಿಂದಲೇ ಎದೆಗೆ ನಳಿಗೆ ಇಟ್ಟು ನೋಡಿದರು. ಮುಂದೆ ಸಾಲಿನಲ್ಲಿ ನಲವತ್ತು ಮಂದಿ ನಿಂತಿದ್ದರು, ಅವರನ್ನೂ ಅನ್ನುವಂತಿಲ್ಲ. ಅಪ್ಪ ಹೇಗೆ ತೀರಿಕೊಂಡರು ಎಂದು ಕೇಳಿದರಂತೆ. ಇವರು ಹೇಳಿದರಂತೆ. ಡಾಕ್ಟರರು ಚೀಟಿ ಬರೆದುಕೊಟ್ಟರು: ಕಲಬುರಗಿಯ ದೊಡ್ಡ ದವಾಖಾನೆಯಲ್ಲಿ ಎದೆ ತೋರಿಸಿಕೊಂಡು, ಎಲ್ಲ ಸರಿ ಇದೆ ಎಂದು ಬರೆಸಿಕೊಂಡು ಬರುವತನಕ ಬಾಯ್ಲರ್ ಹತ್ತಬಾರದು.

ಅವರಿಗೆ ಬಾಯ್ಲರ್ ಬಿಡುವ ಚಿಂತೆ. ಹದಿನೆಂಟು ವರ್ಷ ಅದರ ಬೆಂಕಿಯ ಬಣ್ಣ ನೋಡಿಯೇ ಒಳಗಿನ ಒತ್ತಡ ಹೇಳುತ್ತಿದ್ದ ಮನುಷ್ಯ. ನನಗೆ ಬಾಯ್ಲರಿನ ಮಾತು ಕಿವಿಗೆ ಬೀಳಲೇ ಇಲ್ಲ. ಶ್ರಾವಣ ಬಂದರೆ ಅವರಿಗೆ ನಲವತ್ತೆರಡು.

ಅತ್ತೆ ಅಂದಿನಿಂದ ರೊಟ್ಟಿ ಬಿಟ್ಟರು. ಬರೀ ಅಂಬಲಿ ಕುಡಿಯುತ್ತಿದ್ದರು. ಯಾಕೆ ಎಂದು ಕೇಳಿದರೆ ಹಲ್ಲು ನೋವು ಎಂದರು. ಬಾಯಿಯಲ್ಲಿ ಹಲ್ಲು ಎಷ್ಟಿದ್ದವು ಎಂಬುದು ನನಗೆ ಗೊತ್ತಿತ್ತು.

ಮುಂದಿನ ಸೋಮವಾರ ಮೊದಲ ಬಸ್ಸಿಗೆ ಇಬ್ಬರೂ ಕಲಬುರಗಿಗೆ ಹೊರಟೆವು. ದೂರದ ದಾರಿ, ಜನರ ನೂಕಾಟ, ಕರಡಿಗೆ ಎಲ್ಲಿ ಜಾರೀತೋ ಎಂದು ಆ ದಿನ ಪಟ್ಟಿಯನ್ನು ಇನ್ನೂ ಗಟ್ಟಿಯಾಗಿ ಕಟ್ಟಿದ್ದೆ. ಬಸ್ಸಿನಲ್ಲಿ ಅವರು ಕಿಟಕಿಗೆ ತಲೆ ಆನಿಸಿ ಕೂತಿದ್ದರು.

"ಒಂದು ಮಾತು ಹೇಳ್ಲೇನು?" ಎಂದರು.

"ಹೇಳ್ಬ್ಯಾಡ್ರಿ" ಎಂದೆ.

"ಕೇಳಾರ ಕೇಳು."

"ಕೇಳೂದಿಲ್ಲ. ಮನಿಗಿ ಹೋಗೋ ಮುಂದ ಹೇಳ್ರಿ, ಆಗ ಕೇಳ್ತೇನಿ."

ದವಾಖಾನೆಯಲ್ಲಿ ಬಹಳ ಹೊತ್ತು ಸಾಲಿನಲ್ಲಿ ಕೂತೆವು. ಒಳಗೆ ಇದ್ದವರು ವಯಸ್ಸಾದ ಒಬ್ಬ ಹೆಂಗಸು, ಎಲ್ಲರೂ ಡಾಕ್ಟರ್ ಬಾಯಿ ಎನ್ನುತ್ತಿದ್ದರು. ದಪ್ಪ ಕನ್ನಡಕ, ನೇರ ಮಾತು. ಚೀಟಿ ಓದಿ, "ಅಂಗಿ, ಬನಿಯನ್ ಎಲ್ಲಾ ತೆಗೀರಿ" ಎಂದರು. ಪರದೆಯ ಹಿಂದೆ ನಾನೇ ಮೂರೂ ಕಸಿ ಬಿಚ್ಚಿದೆ. ಅವರು ಕರಡಿಗೆಯಿಂದ ಲಿಂಗ ತೆಗೆದು ಎಡಗೈಯಲ್ಲಿ ಹಿಡಿದುಕೊಂಡು ಈಚೆ ಬಂದರು.

ಡಾಕ್ಟರ್ ಬಾಯಿ ನಳಿಗೆ ಕಿವಿಗೆ ಹಾಕಿಕೊಂಡವರು ಹಾಗೇ ನಿಂತರು. ಇವರ ಎದೆಯ ಸುತ್ತ, ಬೆನ್ನಿನವರೆಗೆ, ಕೆಂಪಗೆ ಬಾಸುಂಡೆ ಎದ್ದಿತ್ತು. ನಾನು ಅದನ್ನು ದಿನಾ ನೋಡುತ್ತಿದ್ದೆ. ಸೀರೆಯ ಗಂಟಿನ ಗುರುತು ಸೊಂಟದ ಮೇಲೆ ಇರುವುದಿಲ್ಲವೇ, ಹಾಗೆಂದು ತಿಳಿದಿದ್ದೆ.

"ಇದೇನ್ರಿ, ನಿಮ್ಮನ್ನ ಯಾರಾರ ಕಂಬಕ್ಕ ಕಟ್ಟಿದ್ರೇನು?"

ಇವರು ನನ್ನ ಕಡೆ ನೋಡಿದರು. ನಾನು ಪಟ್ಟಿಯನ್ನು ಬೆನ್ನ ಹಿಂದೆ ಬಚ್ಚಿಟ್ಟುಕೊಂಡಿದ್ದೆ.

"ಲಿಂಗದ ಪಟ್ಟಿ ರೀ" ಎಂದರು ಇವರು. "ಕಸರತ್ತ ಮಾಡೋ ಮುಂದ ಬೀಳಬಾರದಂತ."

"ಹೊಲದವರು ಯಾರು?"

"ನಾನೇ ರೀ."

"ಕಟ್ಟವರು?"

"ನಾನೇ ರೀ."

ಡಾಕ್ಟರ್ ಬಾಯಿ ಎದೆಗೆ ತಂತಿ ಹಚ್ಚಿ ಮಷೀನಿನಲ್ಲಿ ಉದ್ದನೆಯ ಕಾಗದ ತೆಗೆಸಿದರು. ಆ ಕಾಗದವನ್ನು ಕಿಟಕಿಯ ಬೆಳಕಿಗೆ ಹಿಡಿದು ನಿಧಾನವಾಗಿ ನೋಡಿದರು. ನಾನು ಅವರ ಮುಖ ನೋಡುತ್ತಿದ್ದೆ, ಆ ಮುಖದಲ್ಲಿ ಏನೂ ಬರೆದಿರಲಿಲ್ಲ. ಆಮೇಲೆ ನನ್ನ ಕಡೆ ತಿರುಗಿ, "ದಿನಾ ಹ್ಯಾಂಗ ಕಟ್ತೀರಿ, ಹಂಗ ಕಟ್ರಿ" ಎಂದರು.

ಕಟ್ಟಿದೆ. ಲಿಂಗ ಕರಡಿಗೆಗೆ, ಕರಡಿಗೆ ಚೀಲಕ್ಕೆ ಸೇರಿದ ಮೇಲೆ ಅಂಚಿಗೆ ಅಂಚು ಕೂಡಿಸಿದೆ. ಅಲ್ಲಿಯೂ ಕೈಗೆ ರೂಢಿ ಬಿಡಲಿಲ್ಲ.

"ಈಗ ದೊಡ್ಡ ಉಸಿರು ತಗೋರಿ."

ಅವರು ತೆಗೆದುಕೊಂಡರು. ಅರ್ಧಕ್ಕೆ ನಿಂತಿತು. ಎದೆ ಮೇಲೇಳಲು ನೋಡಿತು, ಪಟ್ಟಿ ಬಿಡಲಿಲ್ಲ. ಮೂರು ತಿಂಗಳು ದಿನಾ ನನ್ನ ಕಣ್ಣೆದುರಿಗೇ ಇದ್ದದ್ದನ್ನು ನಾನು ಅಂದು ಮೊದಲ ಸಲ ಕಂಡೆ.

ಡಾಕ್ಟರ್ ಬಾಯಿ ನಮ್ಮನ್ನು ಹೊರಗಿನ ಮೆಟ್ಟಿಲಿನ ಹತ್ತಿರ ಕರೆದುಕೊಂಡು ಹೋದರು. ಎರಡು ಅಂತಸ್ತು. ಹತ್ತಿ ಎಂದರು. ಮೊದಲ ತಿರುವಿನಲ್ಲೇ ಇವರು ಕಟಕಟೆ ಹಿಡಿದು ನಿಂತರು. ಇಳಿದು ಬಂದು ಕೂತು, ಸಾಕಷ್ಟು ಹೊತ್ತು ಸುಧಾರಿಸಿಕೊಂಡ ಮೇಲೆ ಡಾಕ್ಟರ್ ಬಾಯಿ, "ಈಗ ಅದನ್ನ ಬಿಚ್ಚಿ ಹತ್ರಿ" ಎಂದರು.

"ಲಿಂಗಾ ರೀ?" ಎಂದು ಕೇಳಿದರು ಇವರು.

"ಪೂಜಾಕ್ಕ ಕುಂತಾಗ ಎಲ್ಲಿ ಹಿಡಕೋತೀರಿ?"

ಇವರು ಎಡ ಅಂಗೈ ನೋಡಿಕೊಂಡರು. ಲಿಂಗವನ್ನು ಅಂಗೈಯಲ್ಲಿಟ್ಟು ಬೆರಳು ಮಡಿಚಿದರು. ಅಂಗಿ ಹೆಗಲ ಮೇಲೆ ಹಾಕಿಕೊಂಡು ಮೆಟ್ಟಿಲು ಹತ್ತತೊಡಗಿದರು. ನಾನು ಕೆಳಗೆ ನಿಂತಿದ್ದೆ. ಮೊದಲ ತಿರುವು ದಾಟಿದ ಮೇಲೆ ಅವರು ಕಾಣಲಿಲ್ಲ, ಹೆಜ್ಜೆಯ ಸಪ್ಪಳ ಮಾತ್ರ. ಸಪ್ಪಳ ನಿಲ್ಲುತ್ತದೆ ಎಂದು ನಾನು ಉಸಿರು ಹಿಡಿದುಕೊಂಡಿದ್ದೆ. ಅದು ನಿಲ್ಲಲಿಲ್ಲ. ಮೇಲಿನ ಕಟಕಟೆಯಿಂದ ಒಂದು ತಲೆ ಹೊರಗೆ ಬಂತು.

"ಏ! ಬಂದ್ನಿ ನೋಡಬೇ! ಇನ್ನೂ ಹತ್ತಬಹುದು, ಮ್ಯಾಲೆ ಮೆಟ್ಟಲಾ ಇಲ್ಲ!"

ಸಾಲಿನಲ್ಲಿ ಕೂತ ರೋಗಿಗಳೆಲ್ಲ ತಲೆ ಎತ್ತಿ ನೋಡಿದರು. ನಾನು ಅಲ್ಲೇ ನೆಲದ ಮೇಲೆ ಕೂತುಬಿಟ್ಟೆ. ಅಳು ಬಂತೋ ನಗು ಬಂತೋ ನನಗೇ ತಿಳಿಯಲಿಲ್ಲ. ಸೆರಗು ಮಾತ್ರ ತೊಯ್ದಿತ್ತು.

"ಏಳ್ರಿ" ಎಂದರು ಡಾಕ್ಟರ್ ಬಾಯಿ. "ಇವರ ಎದಿ ಎತ್ತಿನ ಎದಿ ಆಗ್ಯಾದ. ಆ ಕಸರತ್ತು ಸುರು ಮಾಡಿದವರಿಗಿ ನನ್ನ ನಮಸ್ಕಾರ ಹೇಳ್ರಿ. ಎದಿ ಕಟ್ಟಿ ಇಟ್ಟು ಮೂರು ತಿಂಗಳು ಓಡ್ಯಾನ ಈ ಮನಷ್ಯಾ! ದೇವರು ಜಾರಬಾರದಂತ ಗಂಡನ ಉಸಿರು ಕಟ್ತೀರೇನ್ರಿ?"

"ಇಲ್ರಿ" ಎಂದೆ.

"ನನಗೇನ ಔಷಧಾ ರೀ?" ಎಂದು ಇಳಿದು ಬಂದ ಇವರು ಕೇಳಿದರು.

"ನಿಮಗೇನೂ ಇಲ್ಲ. ನಿಮ್ಮ ಮನ್ಯಾಗಿನವರಿಗಿ ಅಳತಿ ಕಲಸ್ರಿ" ಎಂದು ಹೇಳಿ, ಎಲ್ಲ ಸರಿ ಇದೆ ಎಂದು ಚೀಟಿ ಬರೆದುಕೊಟ್ಟರು.

ಬಸ್ಸಿನಲ್ಲಿ ಕೂತ ಮೇಲೆ ಅವರಿಗೆ ನೆನಪಿಸಿದೆ: "ಈಗ ಹೇಳ್ರಿ, ಮುಂಜಾನಿ ಏನೋ ಹೇಳ್ತೇನಂದಿದ್ರಿ."

ಅವರು ಹೊರಗೆ ಮಳೆಗೆ ಕಾದ ಹೊಲದ ಕಡೆ ಮುಖ ಮಾಡಿದರು. "ಬದನಿಕಾಯಿ ಪಲ್ಯಾಕ್ಕ ಎಣ್ಣಿ ಹಾಕಿ ಮಾಡಂತ ಹೇಳವನಿದ್ನಿ" ಎಂದರು. ಅದು ಸುಳ್ಳೆಂದು ನನಗೆ ಗೊತ್ತಿತ್ತು. ಹೇಳಬೇಕೆಂದಿದ್ದು ಯಾವುದೋ ಬೇರೆ ಮಾತು. ಅದನ್ನು ನಾನು ಇಂದಿನವರೆಗೂ ಕೇಳಿಲ್ಲ. ಕೇಳುವ ಅಗತ್ಯ ಬೀಳಲಿಲ್ಲವಲ್ಲ, ಅದನ್ನೂ ನಾನು ಶಿವನ ಉಪಕಾರದಲ್ಲೇ ಸೇರಿಸಿದ್ದೇನೆ.

ಅತ್ತೆ ಹೊರಗಿನ ಕಟ್ಟೆಯ ಮೇಲೆ ಕೂತಿದ್ದರು. ಮುಂಜಾನೆ ನಾವು ಹೋಗುವಾಗ ಕೂತ ಜಾಗದಲ್ಲೇ. ನಾನು ಇದ್ದದ್ದು ಇದ್ದ ಹಾಗೆ ಹೇಳಿದೆ, ತಪ್ಪು ನನ್ನದೇ ಎಂದೆ. ಬೈಗುಳಕ್ಕೆ ತಲೆ ತಗ್ಗಿಸಿ ನಿಂತೆ.

"ಬರೇ ಪಟ್ಟೀನಾ?" ಎಂದರು ಅತ್ತೆ.

"ಹೌದ್ರಿ."

"ಎದ್ಯಾಗ ಏನೂ ಇಲ್ಲ?"

"ಇಲ್ರಿ ಅತ್ತಿ."

"ಬರೇ ಪಟ್ಟೀನಾ?"

ಮೂರನೆಯ ಸಲವೂ ಕೇಳಿ, ಎದ್ದು ಒಳಗೆ ಹೋದರು. ಸ್ವಲ್ಪ ಹೊತ್ತಿಗೆ ಒಳಗಿನಿಂದ ಮರದ ಕೊಣಮಿಗೆಯಲ್ಲಿ ರೊಟ್ಟಿ ಬಡಿಯುವ ಸಪ್ಪಳ ಕೇಳಿತು. ಅಂಥ ಬಡಿತ ನಾನು ಎಂದೂ ಕೇಳಿರಲಿಲ್ಲ. ಆ ದಿನ ಅವರು ಎರಡು ಬಿಸಿ ಜೋಳದ ರೊಟ್ಟಿ ಉಂಡರು, ಹಲ್ಲು ನೋವಿನ ಮಾತೇ ಎತ್ತಲಿಲ್ಲ.

ಚಾಚಿ ಮಾತ್ರ ನನ್ನನ್ನು ಬಿಡಲಿಲ್ಲ. ಪಟ್ಟಿಯನ್ನು ಕೈಯಲ್ಲಿ ಹಿಡಿದು ಹಿಂದೆ ಮುಂದೆ ತಿರುಗಿಸಿ ನೋಡಿ, "ಎರಡು ಬೆರಳು ಅಂದಿದ್ನೋ ಇಲ್ಲೋ? ಎಲ್ಲಿಟ್ಟಿದ್ದಿ ಬೇಟಿ ಆ ಎರಡು ಬೆರಳು, ಕಿವ್ಯಾಗ?" ಎಂದಳು. ಆಮೇಲೆ ಹೊಸ ಬಟ್ಟೆ ತರಿಸಿ, ಒಂದು ದಿನ ನೀರಿನಲ್ಲಿ ನೆನೆಸಿಟ್ಟು, ಒಣಗಿಸಿ, ತಾನೇ ಕೂತು ಹೊಲಿಸಿದಳು. ಲಿಂಗದ ಚೀಲದ ಬಾಯಿಗೆ ಒಂದು ಗುಂಡಿ ಇಟ್ಟು, "ಬಿಗಿ ಇಲ್ಲಿರಬೇಕು, ಎದೀಗಿ ಅಲ್ಲ" ಎಂದು ತೋರಿಸಿದಳು. ಇಷ್ಟು ಸಣ್ಣ ಮಾತು. ಮೊದಲ ದಿನವೇ ಅವಳ ಮಾತು ಕೇಳಿದ್ದರೆ ಮೂರು ತಿಂಗಳ ಅಂಜಿಕೆ ತಪ್ಪುತ್ತಿತ್ತು.

ಚೀಟಿ ಒಯ್ದುಕೊಟ್ಟ ದಿನವೇ ಅವರು ಬಾಯ್ಲರ್ ಹತ್ತಿದರು. ಕಾರ್ಖಾನೆಯಲ್ಲಿ ಇದು ಸುದ್ದಿಯಾಗದೆ ಇರುತ್ತದೆಯೇ? ಜೊತೆಯವರು ಅವರನ್ನು ವಾರವಿಡೀ ಆಡಿಸಿದರು. "ಬಾಯ್ಲರಿನಾಗ ಹಬೆ ಜಾಸ್ತಿ ಆದ್ರ ಬಿಡೂದು ಗೊತ್ತದ ನಿನಗ, ನಿನ್ನ ಎದ್ಯಾಂದು ಬಿಡೂದು ಗೊತ್ತಾಗ್ಲಿಲ್ಲೇನಲೇ?" ಎಂದು ಒಬ್ಬ ಕೇಳಿದನಂತೆ. ಇವರು ಅದನ್ನು ಮನೆಗೆ ಬಂದು ನಗುತ್ತ ಹೇಳಿದರು. ಮಾಸ್ತರರಿಗೂ ವಿಷಯ ತಿಳಿದು, ಕೊರಳಲ್ಲಿ ಲಿಂಗ ಇರುವವರು ಮೈಗೆ ಕಟ್ಟಿಕೊಂಡೇ ಬರಲಿ, ಸಡಿಲು ಕಟ್ಟಿಕೊಂಡು ಬರಲಿ ಎಂದು ಸಾಲಿನ ಮುಂದೆ ಕೂಗಿ ಹೇಳಿದರು. ಆಮೇಲೆ ನೋಡಿ, ಮೊಳೆಗೆ ತೂಗುತ್ತಿದ್ದ ಲಿಂಗಗಳು ಒಂದೊಂದಾಗಿ ಇಳಿದವು. ಓಣಿಯ ಹೆಂಗಸರು ಬಟ್ಟೆ ಹಿಡಿದುಕೊಂಡು ಚಾಚಿಯ ಮನೆಗೆ ಬಂದರು. ಅವಳು ಹೊಲಿದಳು, ನಾನು ಕಸಿ ಹಚ್ಚಿದೆ. ಪ್ರತಿಯೊಬ್ಬಳಿಗೂ ನಾನು ಹೇಳುತ್ತಿದ್ದ ಮಾತು ಒಂದೇ. ಅದು ಏನೆಂದು ಬರೆಯಬೇಕಾಗಿಲ್ಲ.

ಆ ವರ್ಷ ಶ್ರಾವಣ ಬಂತು, ಹೋಯಿತು. ಅವರಿಗೆ ನಲವತ್ತೆರಡು ತುಂಬಿತು. ನಾವು ಮೂವರೂ ಆ ವರ್ಷವನ್ನು ತುಂಬಿದ ಕೊಡದಂತೆ ನಡೆಸಿಕೊಂಡು ಹೋದೆವು. ಮುಂದಿನ ಶ್ರಾವಣದಲ್ಲಿ ಒಂದು ದಿನ, ಹಬ್ಬವಲ್ಲ ಹುಣ್ಣಿಮೆಯಲ್ಲ, ಅತ್ತೆ ಬೆಳಗ್ಗೆಯೇ ಕಡಲೆಬೇಳೆ ಬೇಯಲು ಇಟ್ಟಿದ್ದರು. ಹೋಳಿಗೆ ಯಾಕೆ ಎಂದು ನಾನು ಕೇಳಲಿಲ್ಲ. ಅವರೂ ಹೇಳಲಿಲ್ಲ. ನಲವತ್ತಮೂರು ಎಂಬ ಮಾತನ್ನು ಯಾರೂ ಆಡಲಿಲ್ಲ.

ಕಾರ್ಖಾನೆಯ ಕಸರತ್ತು ಹೆಚ್ಚು ವರ್ಷ ನಡೆಯಲಿಲ್ಲ. ಸಣ್ಣ ಮಾಲಕ ಸೊಲ್ಲಾಪುರಕ್ಕೆ ಹೋದ, ಮಾಸ್ತರರು ಊರಿಗೆ ಹೋದರು, ಹಾಲು ನಿಂತಿತು. ಹಾಲಿಗೆ ಬರುತ್ತಿದ್ದವರು ಮೊದಲು ನಿಂತರು. ನಮ್ಮವರು ನಿಲ್ಲಿಸಲಿಲ್ಲ. ನಮ್ಮ ಮಾಳಿಗೆಯ ಮೇಲೆ ಒಬ್ಬರೇ "ಏಕ್, ದೋ" ಎಂದು ಎಣಿಸಿಕೊಂಡು ಜಿಗಿಯುತ್ತಿದ್ದರು. ಕೆಳಗೆ ಅಡಿಗೆ ಮನೆಯ ಸೂರಿನಿಂದ ಮಣ್ಣು ಉದುರಿ ಸಾರಿನಲ್ಲಿ ಬೀಳುತ್ತಿತ್ತು. ಬೀಳಲಿ ಎಂದು ಪಾತ್ರೆಯ ಮೇಲೆ ತಾಟು ಮುಚ್ಚುತ್ತಿದ್ದೆ.

ಹೋಳಿಗೆಯ ಆ ಬೆಳಗ್ಗೆಯೂ ಅವರು ಪೂಜೆ ಮುಗಿಸಿ ಬಂದು ಬೆನ್ನು ಕೊಟ್ಟು ನಿಂತರು. ನಾನು ಕಸಿ ಕಟ್ಟುವ ಮೊದಲು, ಯಾವಾಗಿನಂತೆ, ಪಟ್ಟಿಯ ಒಳಗೆ ಎರಡು ಬೆರಳು ಇಟ್ಟೆ.

"ಸರಿ ಅದೇನ್ರಿ?" ಎಂದೆ.

ಅವರು ಬೇಕೆಂದೇ ದೊಡ್ಡ ಉಸಿರು ತೆಗೆದುಕೊಂಡರು. ಬೆನ್ನು ಎದ್ದು ನನ್ನ ಬೆರಳುಗಳನ್ನು ಹಗುರಾಗಿ ಒತ್ತಿ, ಮತ್ತೆ ಇಳಿಯಿತು. ಒಳಗಿನಿಂದ ಬೇಳೆ ಬೆಂದ ವಾಸನೆ ಬರುತ್ತಿತ್ತು. ನಾನು ಮೂರೂ ಕಸಿ ಕಟ್ಟಿದೆ, "ಶಿವಾ" ಎಂದದ್ದು ಆ ದಿನ ಒಂದೇ ಸಲ.